ಗೋಡೆ ಒಡೆಯುವ ಕೆಲಸ

ಒಹಾಯೊ
ಜುಲೈ 18, 1979

ಅಮ್ಮನಿಗೆ,

ಕ್ಷೇಮವಾಗಿ ಬಂದು ತಲುಪಿದೆ. ಕಾಲೇಜೊಂದರ ಹಾಸ್ಟೆಲಿನಲ್ಲಿ ಇಳಿಸಿದ್ದಾರೆ. ಮಂಚ ಮೊಣಕಾಲಿಗೇ ಮುಗಿಯುತ್ತದೆ, ಮಿಕ್ಕ ಕಾಲು ಗಾಳಿಯಲ್ಲಿ. ಪೆಟ್ಟಿಗೆಯಿಂದ ಬಟ್ಟೆ ತೆಗೆದಿಟ್ಟೆಯಾ ಎಂದು ಕೇಳಬೇಡ. ತೆಗೆದಿಟ್ಟ ವರ್ಷವೆಲ್ಲ ವಾರದೊಳಗೆ ವಾಪಸು ತುಂಬಿದ್ದೇನೆ. ಇದು ನನ್ನ ಆರನೇ ಫುಟ್‌ಬಾಲ್ ತಂಡ, ಅಷ್ಟಾದರೂ ಬುದ್ಧಿ ಬರಬೇಡವೇ?

ಎದುರಾಳಿಗಳನ್ನು ಅಡ್ಡಗಟ್ಟಿ ಕೆಡವುವ ನನ್ನಂಥ ಲೈನ್‌ಬ್ಯಾಕರುಗಳು ಹನ್ನೊಂದು ಮಂದಿ ಬಂದಿದ್ದೇವೆ. ಕ್ಯಾಂಪು ಮುಗಿಯುವ ಹೊತ್ತಿಗೆ ತಂಡದಲ್ಲಿ ಉಳಿಯುವುದು ಆರು. ತಮಾಷೆ ನೋಡು, ನನ್ನ ಜಾಗಕ್ಕೇ ಕಣ್ಣಿಟ್ಟು ಬಂದ ಹುಡುಗನನ್ನು ನನ್ನ ಕೋಣೆಗೇ ಹಾಕಿದ್ದಾರೆ. ಹೆಸರು ವೆಂಡೆಲ್ ಕ್ರೌಸ್. ನೆಬ್ರಾಸ್ಕದ ಕಡೆಯವನು, ಮನೆಯಲ್ಲಿ ದನ ಸಾಕುತ್ತಾರಂತೆ. ಮೊದಲ ದಿನವೇ ಎದ್ದು ನಿಂತು, "ಸರ್, ನಾನು ಸ್ಕೂಲಲ್ಲಿದ್ದಾಗ ನಿಮ್ಮನ್ನ ಟೀವೀಲಿ ನೋಡಿದೀನಿ" ಎಂದ.

"ಇನ್ನೊಂದ್ಸಲ ಸರ್ ಅಂದ್ರೆ ಕಿಟಕಿಯಿಂದ ಆಚೆ ಎಸೀತೀನಿ" ಎಂದೆ.

"ಆಗ್ಲಿ ಸರ್" ಎಂದ.

ಮಲಗುವ ಮುಂಚೆ ಮೊಣಕಾಲೂರಿ ಪ್ರಾರ್ಥನೆ ಮಾಡುತ್ತಾನೆ, ಆಮೇಲೆ ಗೋಡೆ ನಡುಗುವ ಹಾಗೆ ಗೊರಕೆ ಹೊಡೆಯುತ್ತಾನೆ. ಅಪ್ಪನಿಗೆ ಹೇಳು, ಮೈ ತೂಕ ಸರಿಯಾಗಿದೆ, ಉಸಿರು ಚೆನ್ನಾಗಿದೆ.

ನಿನ್ನ ರೋಝೆಲ್

*

ಪೆಲಿಕನ್ ಬೆಂಡ್, ಫ್ಲೋರಿಡಾ
ಜುಲೈ 27

ಮಗ ರೋಝೆಲ್‌ಗೆ,

ಉಸಿರು ಚೆನ್ನಾಗಿದೆ ಎಂದು ಬರೆದಿದ್ದೀಯ. ಉಸಿರಾಡುತ್ತಿದ್ದೀಯ ಎಂದಷ್ಟೇ ನನಗೆ ಗೊತ್ತಾಗಬೇಕಿತ್ತು. ಮಿಕ್ಕಿದ್ದು ನಿಮ್ಮಪ್ಪನಿಗೆ. ನಿನ್ನ ಕಾಗದ ಜೇಬಿನಲ್ಲಿಟ್ಟುಕೊಂಡು ಕ್ಷೌರದಂಗಡಿಗೆ ಹೋದವರು ಕ್ಷೌರ ಮಾಡಿಸಿಕೊಳ್ಳದೆ ವಾಪಸು ಬಂದರು. ಓದಿ ಹೇಳುವುದರಲ್ಲೇ ಸಂಜೆಯಾಯಿತಂತೆ.

ಹೊಸ ಪಾಸ್ಟರ್ ಮೊನ್ನೆ, "ವರ್ನೀಸಕ್ಕ, ನಿಮ್ಮ ಮಗ ಅಲ್ಲಿ ಏನ್ ಕೆಲ್ಸ ಮಾಡ್ತಾನೆ?" ಎಂದು ಕೇಳಿದರು. "ಚೆಂಡು ಹಿಡ್ಕೊಂಡು ಓಡಿ ಬರೋರನ್ನ ಬೀಳಿಸ್ತಾನೆ ಪಾಸ್ಟರ್. ಒಂದೊಂದ್ಸಲ ಅವನೂ ಬೀಳ್ತಾನೆ" ಎಂದೆ. ಇಡೀ ಚರ್ಚು ನಕ್ಕಿತು. ನನಗೆ ನಗು ಬರಲಿಲ್ಲ. ನಿನಗೆ ಮೂವತ್ತು ತುಂಬಿತು ಮಗನೇ. ಡೆಲ್ಫೀನ್ ನಿನ್ನನ್ನು ಬಿಟ್ಟು ಹೋಗುವಾಗ ಹೇಳಿದ ಮಾತು ನೆನಪಿದೆಯಾ? "ಅತ್ತೆ, ಒಂದೊಂದೂರಲ್ಲಿ ಒಂದೊಂದು ಅಳತೆ ಕಿಟಕಿ. ಪರದೆ ಹೊಲ್ಸಿ ಹೊಲ್ಸಿ ನಂಗೆ ಸಾಕಾಯ್ತು" ಎಂದಳು. ಅವಳನ್ನು ಬೈಯಲು ನನಗೆ ಬಾಯಿ ಬರಲಿಲ್ಲ.

ಶೆಡ್ಡಿನಲ್ಲಿ ಪೆಟ್ಟಿಗೆಗೆ ಜೋಳ ತುಂಬುವ ಕೆಲಸ ಮುಗಿಯಿತು. ಇನ್ನು ಕಟಾವಿಗೆ ಮುಂಚೆ ಕಬ್ಬಿಗೆ ಬೆಂಕಿ ಹಾಕುವ ತನಕ ಕೈ ಖಾಲಿ. ಕೈ ಖಾಲಿ ಇದ್ದರೆ ತಲೆ ಓಡುತ್ತದೆ. ಬೇಗ ಬರೆ.

ಅಮ್ಮ

*

ಒಹಾಯೊ
ಆಗಸ್ಟ್ 29

ಅಮ್ಮ,

ಉಳಿದೆ! ಬೀಸುವ ದೊಣ್ಣೆ ತಪ್ಪಿದರೆ ಸಾವಿರ ವರ್ಷ ಆಯುಸ್ಸಂತೆ. ನನಗೆ ಸಾವಿರ ಬೇಡ, ಡಿಸೆಂಬರ್ ತನಕ ಸಾಕು.

ತಂಡದಿಂದ ತೆಗೆಯುವ ದಿನ ಬೆಳಗ್ಗೆ ಒಬ್ಬ ಬಂದು ಬಾಗಿಲು ತಟ್ಟುತ್ತಾನೆ. ಹುಡುಗರು ಅವನಿಗೆ ಕಟುಕ ಎಂದು ಹೆಸರಿಟ್ಟಿದ್ದಾರೆ. "ಕೋಚ್ ಕರೀತಿದಾರೆ, ಆಟದ ಪುಸ್ತಕ ತಗೊಂಡ್ಬಾ" ಎಂದರೆ ಮುಗಿಯಿತು, ಪುಸ್ತಕ ವಾಪಸು ಕೊಟ್ಟು ಬಸ್ಸು ಹತ್ತಬೇಕು. ಬೇರೆ ಊರುಗಳಲ್ಲಿ ಐದು ಸಲ ಆ ಮಾತು ಕೇಳಿದ್ದೇನೆ. ಈ ಸಲ ಅವನ ಬೂಟಿನ ಸದ್ದು ನಮ್ಮ ಬಾಗಿಲ ಮುಂದೆ ನಿಂತಿತು. ವೆಂಡೆಲ್ ಹೊದಿಕೆ ಮುಖದ ಮೇಲೆ ಎಳೆದುಕೊಂಡ. ನಾನು ಪೆಟ್ಟಿಗೆಯ ಹಿಡಿಗೆ ಕೈ ಹಾಕಿದೆ. ಬೂಟು ಮುಂದೆ ಹೋಗಿ ಪಕ್ಕದ ಬಾಗಿಲು ತಟ್ಟಿತು. ಪಕ್ಕದವನು ಅಳುವುದು ಗೋಡೆಯಾಚೆಯಿಂದ ಕೇಳಿಸುತ್ತಿತ್ತು, ನಾವಿಬ್ಬರೂ ಇಲ್ಲಿ ಬಾಯಿಗೆ ದಿಂಬು ಒತ್ತಿಕೊಂಡು ನಕ್ಕೆವು. ಸಂತೋಷಕ್ಕೆ ನಾಚಿಕೆಯಿಲ್ಲ.

ನನ್ನನ್ನು ಉಳಿಸಿಕೊಂಡದ್ದು ಲೈನ್‌ಬ್ಯಾಕರ್ ಎಂದಲ್ಲ, ಅದನ್ನೂ ಹೇಳಿಬಿಡುತ್ತೇನೆ. ಆ ಜಾಗದಲ್ಲಿ ನಾನೂ ವೆಂಡೆಲ್ಲೂ ಬೆಂಚು ಕಾಯುವವರೇ. ನನ್ನ ಕೆಲಸ ಬೇರೆ. ಚೆಂಡನ್ನು ಒದ್ದು ಆಟ ಶುರು ಮಾಡುವಾಗ ಎದುರಿನವರಲ್ಲಿ ನಾಲ್ಕು ದೈತ್ಯರು ಕೈ ಕೈ ಹಿಡಿದು ಗೋಡೆ ಕಟ್ಟಿಕೊಂಡು ಬರುತ್ತಾರೆ, ಚೆಂಡು ಹಿಡಿದವನು ಆ ಗೋಡೆಯ ಹಿಂದೆ ಓಡುತ್ತಾನೆ. ನಮ್ಮಲ್ಲಿ ಒಬ್ಬ ಮೈದಾನದ ಆ ತುದಿಯಿಂದ ಓಡಿಬಂದು ಗೋಡೆ ಒಡೆಯಬೇಕು. ಆ ಒಬ್ಬ ನಾನು. ಬುದ್ಧಿ ಇರುವವರು ಯಾರೂ ಆ ಕೆಲಸ ಕೇಳಿ ಪಡೆಯುವುದಿಲ್ಲ, ಅದಕ್ಕೇ ನನಗೆ ಸಿಕ್ಕಿದೆ.

ರೋಝೆಲ್

*

ಪೆಲಿಕನ್ ಬೆಂಡ್
ಸೆಪ್ಟೆಂಬರ್ 9

ರೋಝೆಲ್,

ಇಂದು ನಿಮ್ಮ ಆಟ. ಇಲ್ಲಿಯ ಟೀವಿಯಲ್ಲಿ ನಿಮ್ಮ ಆಟ ತೋರಿಸುವುದಿಲ್ಲ. ನಾಳೆ ಪೇಪರಿನಲ್ಲಿ ಇರುವೆ ಸಾಲಿನಂಥ ಅಕ್ಷರದಲ್ಲಿ ಯಾರು ಗೆದ್ದರು, ಯಾರು ಸೋತರು ಎಂದು ಬರುತ್ತದೆ. ನನ್ನ ಮಗ ನಡೆದುಕೊಂಡು ಹೊರಗೆ ಬಂದನೇ ಎಂದು ಯಾವ ಪೇಪರೂ ಬರೆಯುವುದಿಲ್ಲ. ನಿನ್ನ ಕಾಗದ ಓದಿದ ಮೇಲೆ ಕಣ್ಣು ಮುಚ್ಚಿದರೆ ನಾಲ್ಕು ಜನ ಕೈ ಹಿಡಿದುಕೊಂಡು ಬರುತ್ತಾರೆ. ಇಂಥದನ್ನೆಲ್ಲ ತಾಯಿಗೆ ಬಿಡಿಸಿ ಬಿಡಿಸಿ ಬರೆಯುತ್ತಾರೆಯೇ?

ಗೆಣಸಿನ ಪೈ ಎರಡು ಕಳಿಸಿದ್ದೇನೆ. ಒಂದು ಆ ದನ ಕಾಯುವ ಹುಡುಗನಿಗೆ. ಅವನಿಗೂ ಒಬ್ಬಳು ತಾಯಿ ಇದ್ದಾಳು, ಅವಳೂ ನನ್ನ ಹಾಗೇ ಪೇಪರು ಹಿಡಿದು ಕೂತಿರುತ್ತಾಳೆ ಪಾಪ.

ಅಮ್ಮ

*

ಒಹಾಯೊ
ಸೆಪ್ಟೆಂಬರ್ 17

ಮಿಸೆಸ್ ಪಿಂಡರ್ ಅವರಿಗೆ,

ನಾನು ವೆಂಡೆಲ್. ಪೈ ತಲುಪಿತು. ರೋಝೆಲ್ ಅಣ್ಣ ಎರಡನ್ನೂ ತಾನೇ ತಿನ್ನುತ್ತೇನೆಂದು ಕೂತಿದ್ದರು. ಡಬ್ಬದ ಮೇಲೆ ನನ್ನ ಹೆಸರಿತ್ತು, ಬಚಾವಾದೆ. ನಮ್ಮಮ್ಮ ಗೆಣಸನ್ನು ಬೇಯಿಸಿ ಉಪ್ಪು ಹಾಕುತ್ತಾರೆ, ಅಷ್ಟೇ. ಪೈಯ ವಿಷಯ ಅವರಿಗೆ ಬರೆದೆ. "ಆ ಹೆಂಗಸು ಯಾರು, ನಿನ್ನನ್ನು ದತ್ತು ತೆಗೆದುಕೊಳ್ಳುತ್ತಾಳೋ ಏನೋ ಕೇಳು" ಎಂದು ಉತ್ತರ ಬರೆದಿದ್ದಾರೆ.

ಅಣ್ಣನ ಜಾಗಕ್ಕೆ ಬಂದ ನನಗೆ ಅಣ್ಣನೇ ಎಲ್ಲ ಕಲಿಸುತ್ತಿದ್ದಾರೆ. ಯಾವ ತಂಡದಲ್ಲೂ ಹೀಗೆ ಮಾಡುವವರಿಲ್ಲವಂತೆ. ಯಾಕೆ ಎಂದು ಕೇಳಿದರೆ, "ನೀನು ಕಲೀಲಿಲ್ಲ ಅಂದ್ರೆ ನಿನ್ನ ಗೊರ್ಕೆ ಕೇಳಿದ್ದೂ ದಂಡ ಆಗುತ್ತಲ್ಲೋ" ಎನ್ನುತ್ತಾರೆ.

ನಮಸ್ಕಾರಗಳೊಂದಿಗೆ,
ವೆಂಡೆಲ್ ಕ್ರೌಸ್

*

ಒಹಾಯೊ
ಅಕ್ಟೋಬರ್ 4

ಅಮ್ಮ,

ಒಂದು ವಿಷಯ ಬರೆಯುತ್ತೇನೆ, ಅಪ್ಪನಿಗೆ ಹೇಳಬೇಡ.

ಹೋದ ತಿಂಗಳು ಗೋಡೆಗೆ ಗುದ್ದಿದಾಗ ಕುತ್ತಿಗೆ ಒಂದು ಪಕ್ಕಕ್ಕೆ ಮುರಿದ ಹಾಗಾಗಿ, ಎಡಗೈಯುದ್ದಕ್ಕೂ ಬೆಂಕಿ ಹರಿಯಿತು. ಇದು ನಮ್ಮಲ್ಲಿ ಎಲ್ಲರಿಗೂ ಆಗುತ್ತದೆ, ಕೈ ಕೊಡವಿಕೊಂಡರೆ ಹೋಗುತ್ತದೆ. ಈ ಸಲ ಹೋಗಲಿಲ್ಲ. ಬೆಂಕಿ ಆರಿ, ಕೈ ಜೋಮು ಹಿಡಿದಂತೆ ಉಳಿದುಬಿಟ್ಟಿದೆ. ಕಾಫಿ ಲೋಟ ಹಿಡಿದರೆ ಹಿಡಿದಿದ್ದೇನೋ ಇಲ್ಲವೋ ಎಂದು ನೋಡಿ ತಿಳಿದುಕೊಳ್ಳಬೇಕು.

ನಮ್ಮ ಟ್ರೈನರ್ ಗಸ್ ಎಂಬ ಮುದುಕ. ಆಟಕ್ಕೆ ಮುಂಚೆ ಎಲ್ಲರ ಕೈಗೂ ಕಾಲಿಗೂ ಪಟ್ಟಿ ಸುತ್ತುವವನು ಅವನೇ. ಕುತ್ತಿಗೆಗೆ ಏಟು ಬಿದ್ದವರ ಮುಂದೆ ಎರಡು ಬೆರಳು ಚಾಚಿ, "ಹಿಂಡು" ಎನ್ನುತ್ತಾನೆ. ಹಿಂಡಲಾಗದಿದ್ದರೆ ಆಡುವಂತಿಲ್ಲ. ವೆಂಡೆಲ್ ಕೋಣೆಯಲ್ಲೇ ನನ್ನ ಎಡಗೈಗೆ ಮುಷ್ಟಿ ಬಿಗಿದ ಹಾಗೆ ಪಟ್ಟಿ ಸುತ್ತಿಬಿಡುತ್ತಾನೆ. "ಹೆಬ್ಬೆರಳು ಉಳುಕಿದೆ" ಎಂದು ಗಸ್‌ಗೆ ಬಲಗೈ ಕೊಡುತ್ತೇನೆ. ಇದುವರೆಗೆ ನಡೆದಿದೆ.

ಯಾರಿಗಾದರೂ ಹೇಳದಿದ್ದರೆ ಎದೆ ಒಡೆಯುತ್ತದೆ ಎನಿಸಿತು, ಅದಕ್ಕೆ ಬರೆದೆ. ಆಣೆ ಇಟ್ಟು ಕೇಳುತ್ತೇನೆ, ನಿನ್ನಲ್ಲೇ ಇರಲಿ.

ರೋಝೆಲ್

*

ಪೆಲಿಕನ್ ಬೆಂಡ್
ಅಕ್ಟೋಬರ್ 9

ರೋಝೆಲ್,

ನಿನ್ನ ಎದೆ ಹಗುರ ಮಾಡಿಕೊಂಡೆ, ಆ ಭಾರ ಈಗ ನನ್ನ ಎದೆಯ ಮೇಲಿದೆ. ಬಾಯಲ್ಲಿ ಬಿಸಿತುಪ್ಪ ಇಟ್ಟು ಹೋದೆ, ನುಂಗುವಂತಿಲ್ಲ, ಉಗುಳುವಂತಿಲ್ಲ. ನಿಮ್ಮಪ್ಪ ಪಕ್ಕದಲ್ಲಿ ಕೂತು ಸೊಪ್ಪು, ಮಾಂಸ ತಿನ್ನುತ್ತ, "ಈ ವರ್ಷ ನಮ್ಮ ಹುಡುಗ ಕೊನೇತನಕ ಇರ್ತಾನೆ ನೋಡೇ" ಎನ್ನುತ್ತಾರೆ. ನಾನು ಇನ್ನೊಂದು ತುಂಡು ಬಡಿಸುತ್ತೇನೆ.

ಕಾರ್ಖಾನೆಯ ಕಬ್ಬಿನ ಗಾಡಿಯಿಂದ ಬಿದ್ದನಲ್ಲ ಅರ್ಲೀ, ಗೊತ್ತಲ್ಲ ನಿನಗೆ? ಅವನಿಗೂ ಮೊದಲು ಕೈಯೇ ಜೋಮು ಹಿಡಿದಿದ್ದು. ಈಗ ಅವನ ಹೆಂಡತಿ ಅವನಿಗೆ ಚಮಚದಲ್ಲಿ ಉಣ್ಣಿಸುತ್ತಾಳೆ. ಬಿಟ್ಟು ಬಾ ಮಗನೇ. ಇಲ್ಲಿ ಶಾಲೆಯಲ್ಲಿ ಮಕ್ಕಳಿಗೆ ಆಟ ಹೇಳಿಕೊಡು, ಅಪ್ಪನ ಜೊತೆ ಗಾಡಿ ಓಡಿಸು, ಏನೂ ಮಾಡದೆ ಜಗುಲಿಯಲ್ಲಿ ಕೂತಿರು. ನೀನು ಎರಡು ಕೈಯಲ್ಲಿ ಊಟ ಮಾಡುವುದನ್ನು ನೋಡಿದರೆ ನನಗೆ ಸಾಕು.

ಅಮ್ಮ

*

ಒಹಾಯೊ
ಅಕ್ಟೋಬರ್ 18

ಅಮ್ಮ,

ನಿನಗೆ ಹೇಗೆ ತಿಳಿಸಲಿ? ಇಲ್ಲಿಯವರೆಗೆ ಒಂದೇ ಒಂದು ತಂಡದ ಫೋಟೋದಲ್ಲಿ ನಾನಿಲ್ಲ. ಫೋಟೋ ತೆಗೆಯುವ ಹೊತ್ತಿಗೆ ನನ್ನನ್ನು ಕಳಿಸಿರುತ್ತಾರೆ, ಇಲ್ಲವೇ ತೆಗೆದಾದ ಮೇಲೆ ಯಾರಿಗೋ ಕಾಲು ಮುರಿದು ನನ್ನನ್ನು ಕರೆಸಿರುತ್ತಾರೆ. ಎಂಟು ವರ್ಷ ಆಡಿದ್ದಕ್ಕೆ, ಇವನು ನಮ್ಮವನು ಎಂದು ಹೇಳುವ ಒಂದು ಊರಿಲ್ಲ. ಈ ಸಲ ಮೊದಲಿನಿಂದ ಕೊನೆಯವರೆಗೆ ಒಂದೇ ಅಂಗಿ ಹಾಕಿಕೊಂಡು ಮುಗಿಸಬೇಕು. ಆಮೇಲೆ ನೀನು ಹೇಳಿದ ಜಗುಲಿಯಲ್ಲಿ ಸಾಯುವ ತನಕ ಕೂರುತ್ತೇನೆ.

ಕೈಗೆ ಪೆಟ್ಟಾಗಿದೆ ಎಂದು ಒಮ್ಮೆ ಗೊತ್ತಾದರೆ ಇನ್ನು ಯಾವ ತಂಡವೂ ಫೋನ್ ಮಾಡುವುದಿಲ್ಲ. ಕುತ್ತಿಗೆ ಎಂಬ ಮಾತು ಕೇಳಿದರೆ ಸಾಕು, ಕುಷ್ಠರೋಗಿಯನ್ನು ಕಂಡಂತೆ ದೂರ ಸರಿಯುತ್ತಾರೆ. ಇನ್ನು ಎಂಟು ವಾರ, ಅಷ್ಟೇ.

ಮೊನ್ನೆ ಎರಡು ಸಲ ಗೋಡೆ ಒಡೆದೆ. ಎರಡನೇ ಸಲ ಎರಡು ಕಾಲೂ ಸ್ವಲ್ಪ ಹೊತ್ತು ನನ್ನದಲ್ಲ ಎನಿಸಿತು. ವೆಂಡೆಲ್ ಓಡಿಬಂದು ತಬ್ಬಿಕೊಂಡ ಹಾಗೆ ಎತ್ತಿ ನಿಲ್ಲಿಸಿದ. ನೋಡಿದವರು ಗೆದ್ದ ಖುಷಿ ಎಂದುಕೊಂಡರು. ಈಗ ಸರಿಯಾಗಿದ್ದೇನೆ.

ರೋಝೆಲ್

*

ಪೆಲಿಕನ್ ಬೆಂಡ್
ಅಕ್ಟೋಬರ್ 27

ರೋಝೆಲ್,

ನಾನು ಫೋನ್ ಮಾಡಿದೆ. ಈ ಕಾಗದ ತಲುಪುವ ಮೊದಲೇ ನಿನಗೆ ಗೊತ್ತಾಗಿರುತ್ತದೆ. ಆದರೂ ನನ್ನ ಬಾಯಿಂದಲೇ ಕೇಳು.

ಕಾಲು ನನ್ನದಲ್ಲ ಎನಿಸಿತು ಎಂದು ಬರೆದೆಯಲ್ಲ, ಅಲ್ಲಿಗೆ ನನ್ನ ತಾಳ್ಮೆ ಮುಗಿಯಿತು. ಶೆಡ್ಡಿನ ಆಫೀಸಿಗೆ ಹೋಗಿ ಫೋನ್ ಕೇಳಿದೆ. ಅವರಿವರನ್ನು ದಾಟಿ ಕೊನೆಗೆ ನಿಮ್ಮ ಗಸ್ ಸಿಕ್ಕ.

"ನಾನು ರೋಝೆಲ್ ಪಿಂಡರ್ ತಾಯಿ" ಎಂದೆ.

ಆ ಕಡೆ ಬಾಗಿಲು ಮುಚ್ಚಿದ ಸದ್ದು ಕೇಳಿಸಿತು. ಆಮೇಲೆ, "ಅಮ್ಮಾವ್ರೆ, ನಾನಿಲ್ಲಿ ತಲೆ ನೆರೆಸ್ಕೊಂಡಿದೀನಿ. ಹೆಂಡ್ತೀರು ಫೋನ್ ಮಾಡಿದಾರೆ, ಲಾಯರ್‌ಗಳು ಮಾಡಿದಾರೆ. ತಾಯಿ ಮಾಡಿದ್ದು ಇದೇ ಮೊದ್ಲು. ಏನು, ಪೈ ಬಂದು ಸೇರ್ಲಿಲ್ವಾ?" ಎಂದ.

"ಅವನ ಎಡಗೈ ಪಟ್ಟಿ ಬಿಚ್ಚಿ ನೋಡಿ. ಬಲಗೈ ಅಲ್ಲ, ಎಡಗೈ."

"ಇದನ್ನ ಕೇಳಿಸ್ಕೊಂಡ್ಮೇಲೆ ಕೇಳಿಸ್ಕೊಂಡಿಲ್ಲ ಅನ್ನೋಕೆ ನಂಗಾಗಲ್ಲ. ಗೊತ್ತಲ್ವಾ ನಿಮ್ಗೆ?"

"ಗೊತ್ತಿದ್ದೇ ಮಾಡ್ದೆ" ಎಂದು ಇಟ್ಟುಬಿಟ್ಟೆ. ನಿಮ್ಮಪ್ಪನಿಗೆ ಎಲ್ಲ ಹೇಳಿದ್ದೇನೆ. ಅವರು ನನ್ನ ಜೊತೆ ಮಾತು ಬಿಟ್ಟಿದ್ದಾರೆ. ನೀನೂ ಬಿಡುತ್ತೀಯ, ಗೊತ್ತು. ಬಿಡು. ಮಾತು ಬಿಟ್ಟ ಮಗ ಜೀವಂತ ಇರುತ್ತಾನೆ.

ಅಮ್ಮ

*

ಒಹಾಯೊ
ನವೆಂಬರ್ 2

ಮಿಸೆಸ್ ವರ್ನೀಸ್ ಪಿಂಡರ್ ಅವರಿಗೆ,

ಬುಧವಾರ ಎಲ್ಲರೆದುರು ಪಟ್ಟಿ ಬಿಚ್ಚಿಸಿದರು. ಗಸ್ ಬೆರಳು ಚಾಚಿದ. ನಾನು ಹಿಂಡಿದ್ದು ಅವನಿಗೆ ಗೊತ್ತೇ ಆಗಲಿಲ್ಲ. ಕೋಚ್, "ಮನೆಯಿಂದ ಫೋನ್ ಬಂದಿತ್ತು" ಎಂದರು. ಹಿಂದೆ ಯಾರೋ, "ಅಮ್ಮ ಕರೀತಿದಾಳೆ, ಹಾಲು ಕುಡ್ದು ಮಲಕ್ಕೋ ಹೋಗೋ" ಎಂದ. ಇಡೀ ಕೋಣೆ ನಕ್ಕಿತು. ವೆಂಡೆಲ್ ಒಬ್ಬ ನಗಲಿಲ್ಲ.

ಪುಸ್ತಕ ವಾಪಸು ಕೊಟ್ಟಿದ್ದೇನೆ. ಫೋಟೋ ಬರುವ ಮಂಗಳವಾರ ತೆಗೆಯುತ್ತಾರಂತೆ.

ಊರಿಗೆ ಬರುವುದಿಲ್ಲ. ಇಲ್ಲೇ ವಾರದ ಬಾಡಿಗೆಗೆ ಕೋಣೆ ಹಿಡಿದಿದ್ದೇನೆ. ಕಾಗದ ಬರೆಯಬೇಡಿ.

ಆರ್. ಪಿಂಡರ್

*

ಪೆಲಿಕನ್ ಬೆಂಡ್
ನವೆಂಬರ್ 13

ರೋಝೆಲ್,

ಬರೆಯಬೇಡ ಎಂದೆ, ಬರೆಯುತ್ತಿದ್ದೇನೆ. ನೀನು ಕೊಟ್ಟ ಬಹುವಚನವನ್ನು ಪೇಪರಿನಲ್ಲಿ ಸುತ್ತಿ ಅಟ್ಟದ ಮೇಲೆ ಇಟ್ಟಿದ್ದೇನೆ, ನನಗೆ ಅದು ಬೇಡ.

ಕಬ್ಬಿಗೆ ಬೆಂಕಿ ಹಾಕುತ್ತಿದ್ದಾರೆ. ಒಗೆದು ಹರಡಿದ ಬಟ್ಟೆಯ ಮೇಲೆಲ್ಲ ಬೂದಿ. ಹೊಲದ ಅಂಚಿನಲ್ಲಿ ಊರ ಹುಡುಗರು ಹೊಗೆಯಿಂದ ಓಡಿಬರುವ ಮೊಲ ಹಿಡಿಯಲು ನಿಂತಿದ್ದಾರೆ. ನೀನು ಅಲ್ಲೇ ಓಡುವುದು ಕಲಿತವನು. ಆಗ ನನಗೆ ಒಂದು ಚೂರೂ ಹೆದರಿಕೆ ಆಗುತ್ತಿರಲಿಲ್ಲ, ಯಾಕೋ. ಬೆಂಕಿ ಆಳೆತ್ತರ ಉರಿಯುತ್ತಿತ್ತು, ಆದರೂ.

ಈ ಭಾನುವಾರ ಪೇಪರು ತರಿಸಲಿಲ್ಲ. ಎಷ್ಟೋ ವರ್ಷದ ಮೇಲೆ ಹೊಟ್ಟೆ ತುಂಬ ಉಂಡು ಮಧ್ಯಾಹ್ನ ಮಲಗಿದೆ. ಇದನ್ನು ಹೇಳಿದರೆ ನಿನಗೆ ಇನ್ನೂ ಸಿಟ್ಟು ಬರುತ್ತದೆ. ಬರಲಿ.

ಅಮ್ಮ

*

ಒಹಾಯೊ
ನವೆಂಬರ್ 20

ಮಿಸೆಸ್ ಪಿಂಡರ್ ಅವರಿಗೆ,

ವೆಂಡೆಲ್ ಮತ್ತೆ. ರೋಝೆಲ್ ಅಣ್ಣ ನಿಮಗೆ ಬರೆಯುತ್ತಿಲ್ಲವೆಂದು ಗೊತ್ತಾಯಿತು, ಅದಕ್ಕೆ ನಾನು ಬರೆಯುತ್ತಿದ್ದೇನೆ. ಚೆನ್ನಾಗಿದ್ದಾರೆ. ಮನೆ ಸಾಮಾನು ಸಾಗಿಸುವ ಲಾರಿಯಲ್ಲಿ ಲೆಕ್ಕ ಬರೆಯುವ ಕೆಲಸ ಹಿಡಿದಿದ್ದಾರೆ. ಎಡಗೈ ಬೆರಳು ಒಂದೊಂದಾಗಿ ಮಾತು ಕೇಳುತ್ತಿದೆಯಂತೆ. ನಿಮ್ಮ ಮೇಲೆ ಸಿಟ್ಟಿದೆ. "ನಿಮ್ಮಮ್ಮಂಗೆ ಬರೀರಿ ಅಣ್ಣ" ಎಂದಿದ್ದಕ್ಕೆ ನನ್ನ ಮೇಲೆ ಬೂಟು ಎಸೆದರು. ಗುರಿ ತಪ್ಪಿತು, ಹಾಗಾಗಿ ಪೂರ್ತಿ ಸಿಟ್ಟಿಲ್ಲ ಎಂದುಕೊಂಡಿದ್ದೇನೆ.

ಗೋಡೆ ಒಡೆಯುವ ಕೆಲಸ ಈಗ ನನ್ನದು. ಮೂರು ಆಟ ಆಯಿತು. ಬುಧವಾರ ಬುಧವಾರ ಸಂಜೆ ಅಣ್ಣ ತಮ್ಮ ಕೋಣೆಗೆ ಕರೆದು ಕುರ್ಚಿಗಳನ್ನು ಸಾಲಾಗಿ ಇಟ್ಟು ತೋರಿಸುತ್ತಾರೆ, ಯಾವ ಸಂದಿಗೆ ಭುಜ ಹಾಕಬೇಕು, ತಲೆ ಹೇಗೆ ಎತ್ತಿ ಹಿಡಿಯಬೇಕು ಎಂದು. ಅವರದೇ ಕೆಲಸ ನನಗೆ ಬಂತಲ್ಲ ಎಂದು ಬೇಸರವಾಗುತ್ತದೆ. ಅವರು ಮಾತ್ರ ಅದನ್ನು ಒಂದು ಸಲವೂ ಆಡಿ ತೋರಿಸಿಲ್ಲ.

ನಮ್ಮಮ್ಮ ನಿಮ್ಮ ಪೈ ಮಾಡುವ ವಿಧಾನ ಕೇಳಿದ್ದಾರೆ, ಸಾಧ್ಯವಾದರೆ ಬರೆಯಿರಿ.

ವೆಂಡೆಲ್

*

ಒಹಾಯೊ
ನವೆಂಬರ್ 28

ಅಮ್ಮ,

ವೆಂಡೆಲ್ ಏಳಲಿಲ್ಲ.

ಭಾನುವಾರ, ಆಟದ ಮೊದಲ ಕಿಕ್ಕಿಗೇ. ಓಡುವಾಗ ಕಾಲು ಜಾರಿತಂತೆ, ತಲೆ ತಗ್ಗಿತಂತೆ. ಕುತ್ತಿಗೆಯ ಮೂಳೆ. ಈಗ ತಲೆಬುರುಡೆಗೆ ಮೊಳೆ ತಿರುಗಿಸಿ ತೂಕ ನೇತುಹಾಕಿ ಮಲಗಿಸಿದ್ದಾರೆ. ಮಾತಾಡುತ್ತಾನೆ. ಎದೆಯಿಂದ ಕೆಳಗೆ ಏನೂ ಗೊತ್ತಾಗುತ್ತಿಲ್ಲ. "ಅಣ್ಣಾ, ನನ್ನ ಕಾಲು ಮಂಚದ ಮೇಲೇ ಇದಿಯಾ, ಸ್ವಲ್ಪ ನೋಡಿ" ಎಂದ. ಇದೆ ಎಂದೆ. ಆಮೇಲೆ ಹೊರಗೆ ಬಂದು ಕಾರಿಡಾರಿನಲ್ಲಿ ಕೂತುಬಿಟ್ಟೆ.

ಅವನ ತಾಯಿ ಬಂದಿದ್ದಾರೆ. ಅಪ್ಪ ದನ ಬಿಟ್ಟು ಬರುವಂತಿಲ್ಲ. ಆಕೆ ಎರಡು ದಿನದಿಂದ ಕೋಟು ಬಿಚ್ಚದೆ ಕುರ್ಚಿಯಲ್ಲಿ ಕೂತಿದ್ದಾರೆ.

ಈ ಸುದ್ದಿಯನ್ನು ನನಗೆ ಫೋನಿನಲ್ಲಿ ತಿಳಿಸಿದವನು ಗಸ್. ಎಲ್ಲ ಹೇಳಿ ಅತ್ತ. ಮೂಗು ಒರೆಸಿಕೊಂಡು ಅದೇ ಫೋನಿನಲ್ಲಿ ಕೇಳಿದ, "ಕೈ ಹೇಗಿದ್ಯೋ ಈಗ? ಕೋಚ್ ಕೇಳು ಅಂದ್ರು. ಇನ್ನು ಮೂರು ಆಟ ಇದೆ."

ಗುರುವಾರದೊಳಗೆ ಹೇಳುತ್ತೇನೆ ಎಂದಿದ್ದೇನೆ. ಕೈ ಮುಕ್ಕಾಲು ಪಾಲು ಸರಿಹೋಗಿದೆ. ಬೇಡ ಎನ್ನಲು ನನಗೆ ಯಾಕೆ ಬಾಯಿ ಬರಲಿಲ್ಲ ಎಂದು ಮೂರು ದಿನದಿಂದ ಯೋಚಿಸುತ್ತಿದ್ದೇನೆ. ನಿನ್ನನ್ನು ಕಂಡರೆ ಸಿಟ್ಟೂ ಬರುತ್ತದೆ, ಪಕ್ಕದಲ್ಲಿ ಕೂರಬೇಕು ಎಂದೂ ಆಗುತ್ತದೆ. ನೀನು ಫೋನ್ ಮಾಡದೇ ಇದ್ದಿದ್ದರೆ ಆ ಮಂಚದ ಮೇಲೆ ನಾನಿರುತ್ತಿದ್ದೆ. ಈ ಮಾತನ್ನು ಸಂತೋಷದಿಂದಲೂ ಹೇಳಲಾಗುತ್ತಿಲ್ಲ, ದುಃಖದಿಂದಲೂ ಹೇಳಲಾಗುತ್ತಿಲ್ಲ.

ರೋಝೆಲ್

*

ಪೆಲಿಕನ್ ಬೆಂಡ್
ಡಿಸೆಂಬರ್ 2

ಮಗನೇ,

ನಿನ್ನ ಕಾಗದ ನಿಮ್ಮಪ್ಪನ ಕೈಯಲ್ಲಿ ಓದಿಸಿದೆ, ನನ್ನ ಕಣ್ಣಿಗೆ ಅಕ್ಷರ ನಿಲ್ಲಲಿಲ್ಲ. ಓದಿ ಮುಗಿಸಿ ತಿಂಗಳ ಮೇಲೆ ಮೊದಲ ಸಲ ನನ್ನ ಜೊತೆ ಮಾತಾಡಿದರು. "ಆ ಹುಡುಗಂಗೆ ಎಷ್ಟು ವಯಸ್ಸೇ?" ಎಂದರು. ಇಪ್ಪತ್ತೆರಡು ಎಂದೆ. ಎದ್ದು ಹಿತ್ತಲಿಗೆ ಹೋದರು.

ತಾನೊಂದು ಬಗೆದರೆ ದೈವವೊಂದು ಬಗೆಯಿತು ಎಂದು ಇಲ್ಲಿ ಎಲ್ಲರೂ ಸಮಾಧಾನ ಹೇಳುತ್ತಾರೆ. ದೈವದ ತಲೆಗೆ ಕಟ್ಟುವುದು ಸುಲಭ. ಫೋನ್ ಮಾಡಿದವಳು ನಾನು. ನಿನ್ನನ್ನು ಎಳೆದು ಹೊರಗೆ ಹಾಕಿದರೆ ಆ ಜಾಗ ಖಾಲಿ ಇರುತ್ತದೆ ಎಂದುಕೊಂಡಿದ್ದೆ. ಜೋಳದ ಶೆಡ್ಡಿನಲ್ಲಿ ಒಬ್ಬಳು ಬರದಿದ್ದರೆ ಬೆಲ್ಟು ಶುರುವಾಗುವ ಮೊದಲೇ ಇನ್ನೊಬ್ಬಳು ಅವಳ ಜಾಗದಲ್ಲಿ ನಿಂತಿರುತ್ತಾಳೆ. ದಿನಾ ನೋಡುತ್ತೇನೆ, ಆದರೂ ನನಗೆ ಹೊಳೆಯಲಿಲ್ಲ. ನನ್ನ ಮಗನನ್ನು ಬಿಡಿ ಎಂದೆ, ಯಾರ ಮಗನನ್ನು ನಿಲ್ಲಿಸುತ್ತೀರಿ ಎಂದು ಕೇಳಲಿಲ್ಲ. ನಾನು ಪೈ ಕಳಿಸಿದ ಹುಡುಗನನ್ನೇ ನಿಲ್ಲಿಸಿದರು.

ಮೂರು ವಾರದ ಹಿಂದೆ ಹೊಟ್ಟೆ ತುಂಬ ಉಂಡು ಮಲಗಿದೆ ಎಂದು ಬರೆದಿದ್ದೆ. ಆ ಕಾಗದ ಇದ್ದರೆ ಹರಿದು ಹಾಕು.

ಈ ಸಲ ನಾನು ಫೋನ್ ಮಾಡುವುದಿಲ್ಲ. ಮಾಡಬೇಕೆಂದು ಕೈ ತುರಿಸುತ್ತಿದೆ, ಆದರೂ ಮಾಡುವುದಿಲ್ಲ. ನಿನಗೆ ಹೋಗು ಎನ್ನಲಾರೆ, ಬೇಡ ಎನ್ನಲೂ ಹೆದರಿಕೆ. ನೀನೇ ಹೇಳು, ಏನು ಹೇಳುತ್ತೀಯೋ ಹೇಳು. ಆದರೆ ಬೇಗ ತಿಳಿಸು, ಗುರುವಾರ ಕಳೆದುಹೋಯಿತು, ನಾನಿಲ್ಲಿ ಜೀವ ಕೈಯಲ್ಲಿ ಹಿಡಿದು ಕೂತಿದ್ದೇನೆ.

ಆ ತಾಯಿಯನ್ನು ನೋಡಲು ಬರಬೇಕು ಎಂದಿದ್ದೇನೆ. ಫೋನಿನ ವಿಷಯ ಅವರಿಗೆ ನೀನು ಹೇಳಬೇಡ, ನಾನೇ ಹೇಳಬೇಕು. ಮುಖ ತಿರುಗಿಸಿಕೊಂಡರೆ ಹೊರಗೆ ಕೂರುತ್ತೇನೆ.

ಅಮ್ಮ

*

ಒಹಾಯೊ
ಡಿಸೆಂಬರ್ 10

ಅಮ್ಮ,

ಬೇಡ ಎಂದೆ. ಮೊದಲು ಅದನ್ನು ಓದಿ ನೀರು ಕುಡಿ, ಆಮೇಲೆ ಮಿಕ್ಕಿದ್ದು ಓದು.

ಗುರುವಾರ ಹೋಗಿದ್ದೆ. ಗಸ್ ಬೆರಳು ಚಾಚಿದ, ಎಡಗೈಯಲ್ಲೇ ಹಿಂಡಿದೆ. "ಪರ್ವಾಗಿಲ್ವಲ್ಲೋ, ಗಟ್ಟಿಯಾಗಿದ್ಯಲ್ಲೋ" ಎಂದ. ಕೋಚ್ ನನ್ನ ಹಳೇ ಅಂಗಿ ತರಿಸಿ ಇಟ್ಟಿದ್ದರು. ಬಟ್ಟೆ ಬದಲಿಸುವ ಕೋಣೆಗೆ ಹೋದರೆ ಕೆಲಸದವನೊಬ್ಬ ಬೀರುವಿನ ಮೇಲೆ ಅಂಟಿಸಿದ್ದ ವೆಂಡೆಲ್‌ನ ಹೆಸರನ್ನು ಉಗುರಿನಿಂದ ಕೀಳುತ್ತಿದ್ದ. ಒಳಗೆ ಅವನ ಭುಜದ ಕವಚ ಇನ್ನೂ ನೇತಾಡುತ್ತಿತ್ತು. "ಎರಡೇ ನಿಮಿಷ, ನಿಮ್ ಹೆಸ್ರು ಅಂಟಿಸ್ಬಿಡ್ತೀನಿ" ಎಂದ. ಅಲ್ಲಿಂದ ವಾಪಸು ಹೋಗಿ ಕೋಚ್‌ಗೆ ಬೇಡ ಎಂದೆ. ಕೋಚ್ ಸಿಟ್ಟಾಗಲಿಲ್ಲ, ಯಾಕೆ ಎಂದೂ ಕೇಳಲಿಲ್ಲ. ನನ್ನ ಮುಂದೆಯೇ ಇನ್ನೊಂದು ನಂಬರು ತಿರುಗಿಸತೊಡಗಿದರು. ಓಕ್ಲಹೋಮದ ಕಡೆಯ ಯಾರೋ ಹುಡುಗ, ಅಲ್ಲಿ ಟೈರಿನಂಗಡಿಯಲ್ಲಿ ಕೆಲಸದಲ್ಲಿದ್ದನಂತೆ. ಒಂದೇ ರಿಂಗಿಗೆ ಎತ್ತಿದ.

ನಿನ್ನ ಕಾಗದ ಬರುವ ಮುಂಚೆಯೇ ವೆಂಡೆಲ್‌ನ ತಾಯಿಗೆ ಎಲ್ಲ ಗೊತ್ತಿತ್ತು. ಮಗ ನವೆಂಬರ್ ಮೊದಲಲ್ಲೇ ಬರೆದಿದ್ದನಂತೆ. ಆಕೆ ನನಗೆ ಹೇಳಿದ್ದನ್ನು ಹಾಗೇ ಬರೆಯುತ್ತೇನೆ. "ನಿಮ್ಮಮ್ಮನ ಮೇಲೆ ನಂಗೆ ಸಿಟ್ಟಿದೆ. ಸಿಟ್ಟು ಮಾಡ್ಕೊಳ್ಳೋಕೆ ಕಾರಣ ಇಲ್ಲ ಅಂತಾನೂ ಗೊತ್ತು. ಬರ್ಲಿ ಅಂತ ಬರಿ. ಇಲ್ಲಿ ಇನ್ನೊಂದು ಕುರ್ಚಿ ಇದೆ." ಬಾ ಅಮ್ಮ. ದಪ್ಪ ಕೋಟು ತೆಗೆದುಕೊಂಡು ಬಾ, ಇಲ್ಲಿ ಹಿಮ ಬೀಳುತ್ತಿದೆ.

ನಿನ್ನೆ ಆಟ ಇತ್ತು. ರೇಡಿಯೋ ಹಚ್ಚಿ ಎಂದು ವೆಂಡೆಲ್ಲೇ ಕೇಳಿದ. ತಾಯಿ ಬೇಡ ಎಂದರು, ಅವನು ಬಿಡಲಿಲ್ಲ. ಮಂಚದ ಈ ಪಕ್ಕ ನಾನು, ಆ ಪಕ್ಕ ಆಕೆ. ನಮ್ಮ ತಂಡ ಚೆಂಡು ಒದೆಯಲು ನಿಂತಿತು. ಹೊಸ ಹುಡುಗನ ಹೆಸರೂ ಆ ರೇಡಿಯೋದವನಿಗೆ ಗೊತ್ತಿರಲಿಲ್ಲ, ಬರೀ ಅಂಗಿಯ ನಂಬರು ಹೇಳಿದ. ಆಕೆ ಮಗನ ಎದೆಯ ಮೇಲಿಂದ ಕೈ ಚಾಚಿ ನನ್ನ ಕೈ ಹಿಡಿದುಕೊಂಡರು. ಕಿಕ್ ಆಯಿತು. ಜನ ಕೂಗಿದರು. ಇಪ್ಪತ್ತೆರಡು ಗಜದ ಗೆರೆಯ ಹತ್ತಿರ ತಡೆದರು ಎಂದು ಹೇಳಿ ರೇಡಿಯೋದವನು ಕಾಫಿಪುಡಿಯ ಜಾಹೀರಾತಿಗೆ ಹೋದ. ಬಿದ್ದವನು ಎದ್ದನೋ ಇಲ್ಲವೋ ಎಂದು ಅವರು ಹೇಳುವುದಿಲ್ಲ ಅಮ್ಮ, ಏಳದಿದ್ದರೆ ಮಾತ್ರ ಹೇಳುತ್ತಾರೆ. ಜಾಹೀರಾತು ಮುಗಿಯುವ ತನಕ ಮೂವರೂ ಉಸಿರು ಬಿಡದೆ ಕೂತಿದ್ದೆವು.

ನಿನ್ನ ರೋಝೆಲ್